ಮುದ್ದಾಂ ವಹಿಯ ಸೀಲುಗಳು

ಕಾರವಾರದ ಒಂದು ಸರ್ಕಾರಿ ಕಚೇರಿಯಲ್ಲಿ 1995ರಲ್ಲಿ ನಾನು ಅರೆಕಾಲಿಕ ಕೆಲಸಕ್ಕೆ ಸೇರಿದೆ. ಕಾಗದದಲ್ಲಿ ಬೆಳಿಗ್ಗೆ ಮೂರು ತಾಸು ಮಾತ್ರ. ಆದರೆ ಎಂಟೂವರೆಗೆ ಬೀಗ ತೆಗೆಯುವವನೂ ನಾನೇ, ಸಂಜೆ ಆರಕ್ಕೆ ಹಾಕುವವನೂ ನಾನೇ. ನೀರು ತುಂಬುವುದು, ಜೆರಾಕ್ಸ್, ಟಪಾಲು ಎಲ್ಲ ನನ್ನದೇ. ಸಂಬಳ ಸಾದಿಲ್ವಾರು ಖರ್ಚಿನಿಂದ, ಅಂದರೆ ಕಚೇರಿಯ ಚಿಲ್ಲರೆ ಖರ್ಚಿನ ಹಣದಿಂದ.

2019ರಲ್ಲಿ ಖಾಯಂ ಮಾಡಿ ಅಂತ ಮನವಿ ಕೊಟ್ಟೆ. 'ಅರೆಕಾಲಿಕ ಸೇವೆ, ಅವಕಾಶವಿಲ್ಲ' ಅಂತ ಹಿಂಬರಹ ಬಂತು. ಆ ರಾತ್ರಿ ಊಟ ಸೇರಲಿಲ್ಲ.

"ಇದನ್ನ ಜೋಪಾನ ಮಾಡಿ. ಪ್ರಶ್ನೆ ಮಾಡೋಕೆ ಕಾಗದ ಸಿಕ್ತಲ್ವಾ" ಅಂದರು ವಕೀಲರು. ಸುಪ್ರೀಂ ಕೋರ್ಟಿನ 2006ರ ಉಮಾದೇವಿ ತೀರ್ಪು ನಮ್ಮ ಕರ್ನಾಟಕದ್ದೇ ಪ್ರಕರಣ. ಅದರಿಂದ ಖಾಯಮಾತಿ ಮುಗಿದೇ ಹೋಯ್ತು ಅಂತ ಕಚೇರಿಗಳಲ್ಲಿ ಹೇಳ್ತಾರೆ. ಆದರೆ ಮಂಜೂರಾದ ಹುದ್ದೆಯಲ್ಲಿ, ಅರ್ಹತೆ ಇದ್ದು, ಕೋರ್ಟಿನ ಆದೇಶದ ಆಸರೆ ಇಲ್ಲದೆ 10 ವರ್ಷ ದುಡಿದವರನ್ನು ಒಂದು ಬಾರಿ ಖಾಯಂ ಮಾಡಿ ಅಂತ ಹೇಳಿದ್ದೂ ಅದೇ ತೀರ್ಪು. ಆಗ ಬಿಟ್ಟುಹೋದ ಅರ್ಹರ ಹಕ್ಕು ಹೋಗುವುದಿಲ್ಲ ಅಂತ ಅದೇ ಕೋರ್ಟಿನ 2010ರ ಎಂ.ಎಲ್. ಕೇಸರಿ ತೀರ್ಪು ಸ್ಪಷ್ಟ ಮಾಡಿತು.

ಹುದ್ದೆ ಇತ್ತಾ? ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿದೆ. 10 ರೂಪಾಯಿ ಶುಲ್ಕ, ಒಂದೇ ವಿಷಯ, 150 ಪದದೊಳಗೆ. ನಾನು ಸೇರುವ ಮೊದಲಿಂದಲೂ ಒಂದು 'ಡಿ' ದರ್ಜೆ ಹುದ್ದೆ ಖಾಲಿ ಇತ್ತು!

ಕಷ್ಟವಾಗಿದ್ದು ದಿನಪೂರ್ತಿ ದುಡಿದೆ ಅಂತ ತೋರಿಸುವುದು. ಹಾಜರಿ ಪುಸ್ತಕದಲ್ಲಿ ನನ್ನ ಹೆಸರೇ ಇಲ್ಲ. ಒಂದು ದಿನ ಬೇರೆ ಕಚೇರಿಗೆ ಟಪಾಲು ಕೊಡಲು ಹೋದಾಗ ಅಲ್ಲಿನ ಗುಮಾಸ್ತರು ನನ್ನ ಮುದ್ದಾಂ ವಹಿಯಲ್ಲಿ, ಅಂದರೆ ಕೈಯಾರೆ ಕೊಟ್ಟ ಟಪಾಲಿಗೆ ಸ್ವೀಕೃತಿ ಪಡೆಯುವ ಪುಸ್ತಕದಲ್ಲಿ, ಸೀಲು ಒತ್ತಿ, ತಾರೀಕು ಹಾಕಿ, ಪಕ್ಕದಲ್ಲಿ 'ಸಂಜೆ 4' ಅಂತ ಬರೆದರು. ಅಲ್ಲೇ ನಿಂತುಬಿಟ್ಟೆ. ಇಷ್ಟು ವರ್ಷ ನನ್ನ ಹಾಜರಿ ಬೇರೆ ಕಚೇರಿಯವರು ಹಾಕುತ್ತಿದ್ದರಲ್ಲ! ಹಳೆ ವಹಿಗಳು ರೆಕಾರ್ಡ್ ರೂಮಿನಲ್ಲಿ ಕೆಂಪು ಬಟ್ಟೆಯ ಗಂಟಿನಲ್ಲಿದ್ದವು. ಕಾರವಾರದ ಮಳೆಗಾಲಕ್ಕೆ ಹಾಳೆ ಅಂಟಿಕೊಂಡಿದ್ದವು. ಪುಟಕ್ಕೆ 2 ರೂಪಾಯಿಯಂತೆ ದೃಢೀಕೃತ ನಕಲು ಪಡೆದೆ. ಸುಮ್ನೆ ಜೆರಾಕ್ಸ್ ಮಾಡಿದ್ದರೆ ಸಾಲುತ್ತಿರಲಿಲ್ಲ.

ಆಮೇಲೆ ಹೈಕೋರ್ಟಿನ ಧಾರವಾಡ ಪೀಠ. ಅರಬೈಲ್ ಘಾಟಿ ಎಷ್ಟು ಸಲ ಹತ್ತಿ ಇಳಿದೆನೋ. ನಡುವೆ 2024ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಜಗ್ಗೋ ತೀರ್ಪು ಬಂತು. ಕೇಂದ್ರ ಜಲ ಆಯೋಗದಲ್ಲಿ ವರ್ಷಗಟ್ಟಲೆ ಕಸ ಗುಡಿಸಿದವರ ಪ್ರಕರಣ ಅದು. 'ಅರೆಕಾಲಿಕ' ಅನ್ನುವ ಹಣೆಪಟ್ಟಿಗಿಂತ ಕೆಲಸ ಎಂಥದ್ದು ಅನ್ನುವುದನ್ನು ಕೋರ್ಟು ನೋಡಿತು. ನಮ್ಮ ವಕೀಲರು ಅದನ್ನೂ ಸೇರಿಸಿದರು. ಮರುಪರಿಶೀಲಿಸಿ ಅಂತ ಆದೇಶವಾಯಿತು. ಮರುವರ್ಷ ನಾನು ಖಾಯಂ ಆದೆ. ಹಿಂದಿನ ವರ್ಷಗಳ ಬಾಕಿ ಸಿಗಲಿಲ್ಲ. ಅದು ಇವತ್ತಿಗೂ ನೋವೇ.

ನಮ್ಮಲ್ಲೇ ಕಸ ಗುಡಿಸುವ ಅಕ್ಕನದು ಇನ್ನೂ ಆಗಿಲ್ಲ. ಅವರು ಟಪಾಲು ಒಯ್ದವರಲ್ಲ, ಎಲ್ಲೂ ಸೀಲಿಲ್ಲ. ಸಾದಿಲ್ವಾರು ಬಿಲ್ಲುಗಳ ಹಿಂದೆ ಅವರು ಒತ್ತಿದ ಹೆಬ್ಬೆಟ್ಟು ಇದೆ. ಭಾನುವಾರ ಕೂತು ಒಂದೊಂದೇ ಪಟ್ಟಿ ಮಾಡ್ತಿದ್ದೇವೆ. 2011ರ ತನಕ ಬಂದಿದ್ದೇವೆ.