ಉರಿಮೂತ್ರ: ಲ್ಯಾಬ್‌ನಲ್ಲಿ ಡಬ್ಬಿ ಕೊಡುವವಳ ಮಾತು

ಕಾರವಾರದ ಮೀನು ಮಾರ್ಕೆಟ್‌ನಲ್ಲಿ ಕೂರುವ ಅಕ್ಕಂದಿರು ಹೊತ್ತೇರುವ ತನಕ ನೀರು ಕುಡಿಯುವುದಿಲ್ಲ, ಮೂತ್ರ ಕಟ್ಟಿಕೊಂಡೇ ಇರುತ್ತಾರೆ. ಆಮೇಲೆ ನನ್ನ ಹತ್ತಿರ ಬಂದು, "ಉಷ್ಣ ಆಗಿದೆ ತಂಗಿ" ಅನ್ನುತ್ತಾರೆ. ಹೆಚ್ಚಿನ ಸಲ ಅದು ಕರುಳಿನ ಇ. ಕೋಲಿ ಬ್ಯಾಕ್ಟೀರಿಯಾ ಮೂತ್ರದ ದಾರಿಗೆ ಹತ್ತಿದ್ದು. ಮೂತ್ರದ ಕಲ್ಲು, ಲೈಂಗಿಕ ಸೋಂಕಿನಿಂದಲೂ ಉರಿಯಬಹುದು. ಉಷ್ಣಕ್ಕೆ ಅಂತ ಮುರುಗಲು (ಕೋಕಂ) ಪಾನಕ ಕುಡಿಯಿರಿ, ತಪ್ಪಿಲ್ಲ. ಸೋಂಕು ಅದರಿಂದ ಹೋಗುವುದಿಲ್ಲ.

ಮಾತ್ರೆ ಶುರುಮಾಡುವ ಮೊದಲೇ ಮೂತ್ರದ ಸ್ಯಾಂಪಲ್ ಕೊಡಿ. ತೊಳೆದುಕೊಂಡು, ಮೊದಲ ಧಾರೆ ಬಿಟ್ಟು, ನಡುವಿನದನ್ನು ಲ್ಯಾಬ್ ಡಬ್ಬಿಗೆ ಹಿಡಿಯಿರಿ. ಡಬ್ಬಿಯ ಒಳಗೆ ಬೆರಳು ತಾಗಿಸಬೇಡಿ. ಉಪ್ಪಿನಕಾಯಿ ಬಾಟಲಿಯಲ್ಲಂತೂ ತರಲೇಬೇಡಿ! ಗಂಟೆಯೊಳಗೆ ತಲುಪಿಸಿ.

ಪಕ್ಕದ ಮನೆಯವರ ಮಾತ್ರೆ ಬೇಡ. ವೈದ್ಯರು ಬರೆದದ್ದನ್ನು ಉರಿ ನಿಂತರೂ ಪೂರ್ತಿ ಮುಗಿಸಿ. ಚಳಿಜ್ವರ, ಬೆನ್ನಿನ ಪಕ್ಕ ನೋವು, ವಾಂತಿ, ಮೂತ್ರದಲ್ಲಿ ರಕ್ತ ಇದ್ದರೆ, ಬಸುರಿಯಾಗಿದ್ದರೆ ಅದೇ ದಿನ ಆಸ್ಪತ್ರೆಗೆ ಹೋಗಿ.