25 ಮೀಟರ್ ಸ್ಪರ್ಧೆಗೆ .22 ಪಿಸ್ತೂಲು: ಕೊಳ್ಳುವ ಮುನ್ನ ಪರೀಕ್ಷಿಸುವ ಬಗೆ

ಐಎಸ್‌ಎಸ್‌ಎಫ್ (ಅಂತರರಾಷ್ಟ್ರೀಯ ಶೂಟಿಂಗ್ ಕ್ರೀಡಾ ಒಕ್ಕೂಟ) ನಡೆಸುವ 25 ಮೀಟರ್‌ನ .22 ಸ್ಪರ್ಧೆಗಳಿಗೆ ಬೇಕಾದದ್ದು .22 ಲಾಂಗ್ ರೈಫಲ್ ತೋಟಾ ಹಾರಿಸುವ ಸೆಮಿ ಆಟೋಮ್ಯಾಟಿಕ್ ಪಿಸ್ತೂಲು. ಪಾರ್ದಿನಿ, ವಾಲ್ಥರ್, ಮೊರಿನಿ, ಹ್ಯಾಮರ್ಲಿ ಯಾವುದೇ ಇರಲಿ, ಪರೀಕ್ಷೆಯ ಕ್ರಮ ಒಂದೇ: ಮೊದಲು ನಿಮ್ಮ ಕೈಯನ್ನು ದೂರವಿಟ್ಟು ಪಿಸ್ತೂಲನ್ನು ಅಳೆಯಿರಿ, ಆಮೇಲೆ ಕೈಗೆ ಕೊಡಿ. ಎರಡನ್ನೂ ಬೆರೆಸಿದರೆ ಹಾಳೆಯ ಮೇಲಿನ 8 ಅಂಕ ಯಾರ ತಪ್ಪಿನಿಂದ ಬಂತೆಂದು ಗೊತ್ತೇ ಆಗುವುದಿಲ್ಲ.

ಎಲ್ಲಕ್ಕೂ ಮುಂಚೆ ಮ್ಯಾಗಝೀನ್ ತೆಗೆಯಿರಿ, ಬೋಲ್ಟ್ ಹಿಂದೆಳೆದು ಚೇಂಬರನ್ನು (ತೋಟಾ ಕೂರುವ ಗೂಡು) ಕಣ್ಣಿನಿಂದ ನೋಡಿ, ಅದು ಖಾಲಿಯೆಂದು ತೋರಿಸುವ ಸೇಫ್ಟಿ ಫ್ಲ್ಯಾಗ್ ಹಾಕಿ. ಮಾರುವವರು "ಖಾಲಿ ಇದೆ" ಅಂದರೂ ನೀವೇ ನೋಡಬೇಕು.

ನಿಯಮದ ಅಳತೆ ಬೇಗ ಮುಗಿಯುತ್ತದೆ. ಖಾಲಿ ಮ್ಯಾಗಝೀನ್, ಬ್ಯಾಲೆನ್ಸ್ ತೂಕ ಎಲ್ಲ ಸೇರಿ 1400 ಗ್ರಾಂ ಮೀರಬಾರದು. 300 × 150 × 50 ಮಿ.ಮೀ. ಪೆಟ್ಟಿಗೆಯೊಳಗೆ ಕೂರಬೇಕು. ಬ್ಯಾರಲ್ ಗರಿಷ್ಠ 153 ಮಿ.ಮೀ., ಹಿಂದಿನ ಮುಂದಿನ ಸೈಟ್‌ಗಳ ನಡುವೆ ಗರಿಷ್ಠ 220 ಮಿ.ಮೀ. ಗ್ರಿಪ್‌ನ ಯಾವ ಭಾಗವೂ ಮಣಿಕಟ್ಟಿಗೆ ಆಸರೆ ಕೊಡಬಾರದು. ಅಂಗೈ ಕೂರುವ ಕೆಳಗಿನ ಪಟ್ಟಿ ಗ್ರಿಪ್‌ಗೆ 90 ಡಿಗ್ರಿಗಿಂತ ಕಡಿಮೆ ಕೋನದಲ್ಲಿ ಇರಬಾರದು. ಹಿಂದಿನ ಮಾಲೀಕ ಮರದ ಪುಟ್ಟಿ ಹಚ್ಚಿ ಗ್ರಿಪ್ ಬೆಳೆಸಿದ್ದರೆ ಪೆಟ್ಟಿಗೆಯಲ್ಲಿ ಸಿಕ್ಕಿಬೀಳುವುದು ಅಲ್ಲೇ.

ಟ್ರಿಗರ್‌ಗೆ ಮಾತ್ರ ಸಮಯ ಕೊಡಿ. ಕನಿಷ್ಠ ತೂಕ 1000 ಗ್ರಾಂ. ಬ್ಯಾರಲ್ ನೆಟ್ಟಗೆ ಮೇಲ್ಮುಖವಾಗಿರಲಿ, ಟ್ರಿಗರ್‌ನ ನಡುಭಾಗಕ್ಕೆ ಪರೀಕ್ಷಾ ತೂಕ ಸಿಕ್ಕಿಸಿ ನಿಧಾನವಾಗಿ ಎತ್ತಿ. ತೂಕ ಮೇಜು ಬಿಟ್ಟು ಮೇಲೆದ್ದರೂ ಟ್ರಿಗರ್ ಬೀಳಬಾರದು. ಇಷ್ಟಕ್ಕೆ ನಿಲ್ಲಿಸದೆ ಟ್ರಿಗರ್ ಗೇಜಿನಿಂದ ಹತ್ತು ಬಾರಿ ಅಳೆದು ಬರೆದುಕೊಳ್ಳಿ. ಒಂದು ಸಲ 1010, ಇನ್ನೊಂದು ಸಲ 1090 ತೋರಿಸಿದರೆ ಸಿಯರ್ (ಹ್ಯಾಮರನ್ನು ತಡೆದು ಹಿಡಿಯುವ ಕೊಂಡಿ) ಅಂಚು ಸವೆದಿರಬಹುದು, ಇಲ್ಲವೇ ಒಳಗೆ ಎಣ್ಣೆ ಗಟ್ಟಿಯಾಗಿ ಕೂತಿರಬಹುದು. ಏರಿಳಿತ 30 ಗ್ರಾಂ ಒಳಗಿದ್ದರೆ ಒಪ್ಪಬಹುದು. ಸ್ಪರ್ಧೆಗೆ 1020ರಿಂದ 1050ರ ನಡುವೆ ಇಟ್ಟುಕೊಳ್ಳುವುದೇ ಜಾಣತನ. ಸರಿಯಾಗಿ 1000ಕ್ಕೆ ಇಳಿಸಿದವರು ತಪಾಸಣೆಯ ಮೇಜಿನ ಮುಂದೆ ಕೈ ಕೈ ಹಿಸುಕಿಕೊಳ್ಳಬೇಕಾಗುತ್ತದೆ. ಟ್ರಿಗರ್ ಎಳೆತದ ಮೊದಲ ಹಂತ ನುಣುಪಾಗಿ ಬಂದು ಒಂದು ಗೋಡೆಗೆ ತಾಗಿದಂತೆ ನಿಲ್ಲಬೇಕು, ಎರಡನೆಯದು ತೆವಳದೆ ತಟ್ಟನೆ ಬಿಡಬೇಕು.

ಇನ್ನೊಂದು ಪರೀಕ್ಷೆಯನ್ನು ಎಂದೂ ಬಿಡಬೇಡಿ. ಖಾಲಿ ಪಿಸ್ತೂಲಿನಲ್ಲಿ, ಸ್ನ್ಯಾಪ್ ಕ್ಯಾಪ್ (ಮದ್ದಿಲ್ಲದ ಅಭ್ಯಾಸದ ತೋಟಾ) ಹಾಕಿ, ಟ್ರಿಗರ್ ಒತ್ತಿ ಹಿಡಿದೇ ಬೋಲ್ಟ್ ಹಿಂದೆಳೆದು ಬಿಡಿ. ಹ್ಯಾಮರ್ ಹಿಂದೆಯೇ ನಿಲ್ಲಬೇಕು. ಬೋಲ್ಟಿನ ಜೊತೆ ಅದೂ ಬಿದ್ದುಹೋದರೆ ಆ ಪಿಸ್ತೂಲಿನಿಂದ ಒಂದೇ ಒತ್ತಿಗೆ ಎರಡು ಗುಂಡು ಹೊರಡುವ ಅಪಾಯವಿದೆ. ಗನ್‌ಸ್ಮಿತ್ ನೋಡುವವರೆಗೆ ಗುಂಡು ತುಂಬಲೇಬಾರದು.

ಚೇಂಬರಿನ ಬಾಯಂಚನ್ನು ಟಾರ್ಚ್ ಹಿಡಿದು ನೋಡಿ. ಸ್ನ್ಯಾಪ್ ಕ್ಯಾಪ್ ಇಲ್ಲದೆ ಖಾಲಿ ಹೊಡೆದು ಅಭ್ಯಾಸ ಮಾಡಿದ ಪಿಸ್ತೂಲಿನಲ್ಲಿ ಫೈರಿಂಗ್ ಪಿನ್ ಆ ಅಂಚಿಗೇ ಬಡಿದು ಸಣ್ಣ ಗುಳಿ ಬಿದ್ದಿರುತ್ತದೆ. ಅಲ್ಲಿ ಎದ್ದ ಲೋಹ ಖಾಲಿ ಕೇಸನ್ನು ಹಿಡಿದುಕೊಳ್ಳುತ್ತದೆ. ಬ್ಯಾರಲಿನ ತುದಿಯಂಚಿನಲ್ಲಿ ಗೀರು ಇದ್ದರೂ ಬೇಡ. ಗುಂಡು ಬಿಡುವ ಕ್ಷಣದಲ್ಲಿ ಅನಿಲ ಒಂದು ಬದಿಗೆ ಹೆಚ್ಚು ನುಗ್ಗಿ ಅದನ್ನು ಓರೆ ಮಾಡುತ್ತದೆ.

ಇನ್ನು ಗ್ರೂಪ್, ಅಂದರೆ ಒಂದೇ ಗುರಿಗೆ ಹೊಡೆದ ಗುಂಡುಗಳು ಎಷ್ಟು ಹತ್ತಿರ ಬೀಳುತ್ತವೆ ಎಂಬುದು. ಪಿಸ್ತೂಲನ್ನು ಅಲುಗದಂತೆ ಹಿಡಿಯುವ ರೆಸ್ಟ್ ಸಿಕ್ಕರೆ ಅದಕ್ಕೆ ಕಟ್ಟಿ, ಇಲ್ಲವೇ ಮರಳು ಚೀಲದ ಮೇಲಿಟ್ಟು, 25 ಮೀಟರಿನಿಂದ ಹತ್ತು ಗುಂಡಿನ ಐದು ಗ್ರೂಪ್ ಹೊಡೆಯಿರಿ. ಸ್ಟ್ಯಾಂಡರ್ಡ್ ವೆಲಾಸಿಟಿ ತೋಟಾ ಮಾತ್ರ, ಸುಮಾರು 320-330 ಮೀ./ಸೆ.; ಈ ಪಿಸ್ತೂಲುಗಳ ಸ್ಪ್ರಿಂಗ್ ಅದಕ್ಕೆಂದೇ ಹೊಂದಿಸಿದ್ದು, ಹೈ ವೆಲಾಸಿಟಿ ಹಾಕಿದರೆ ಬೋಲ್ಟ್ ಹಿಂದಕ್ಕೆ ಬಡಿದು ಆ ಹೊಡೆತ ತಡೆಯುವ ಬಫರ್ ಸವೆಯುತ್ತದೆ. ತೋಟಾದ ಬ್ರ್ಯಾಂಡ್ ಬದಲಿಸಿದಾಗಲೆಲ್ಲ ಮೊದಲ 10-20 ಗುಂಡು ಲೆಕ್ಕಕ್ಕಿಲ್ಲ, ಹಳೆಯ ಮೇಣ ಬ್ಯಾರಲಿನಿಂದ ಹೋಗಬೇಕು. ನಿಖರತೆಯ ಹಾಳೆಯಲ್ಲಿ 10ರ ವೃತ್ತ 50 ಮಿ.ಮೀ., ಒಳಗಿನ ಹತ್ತು 25 ಮಿ.ಮೀ. ಕೇಂದ್ರದಿಂದ ಕೇಂದ್ರಕ್ಕೆ ಅಳೆದು ಗ್ರೂಪ್ 25 ಮಿ.ಮೀ. ಆಸುಪಾಸಿದ್ದರೆ ಬಹಳ ಒಳ್ಳೆಯದು, 30 ಬಂದರೂ ಚಿಂತೆಯಿಲ್ಲ. 40 ದಾಟಿದರೆ ಮೂರು ನಾಲ್ಕು ಬಗೆಯ ತೋಟಾ ಬದಲಿಸಿ ನೋಡಿ, ಆಮೇಲಷ್ಟೇ ಪಿಸ್ತೂಲನ್ನು ದೂರಿ. ಮ್ಯಾಗಝೀನಿಗೆ ಐದೈದೇ ತುಂಬಿ, ಪ್ರತಿ ಐದರಲ್ಲಿ ಮೊದಲನೆಯ ಗುಂಡು ಎಲ್ಲಿ ಬಿತ್ತೆಂದು ಬೇರೆಯೇ ಗುರುತು ಹಾಕಿ. ಕೈಯಿಂದ ಬೋಲ್ಟ್ ಬಿಟ್ಟಾಗ ತೋಟಾ ಕೂರುವ ರೀತಿಗೂ ಪಿಸ್ತೂಲು ತಾನೇ ತುಂಬಿಕೊಂಡಾಗ ಕೂರುವ ರೀತಿಗೂ ವ್ಯತ್ಯಾಸವಿದ್ದರೆ ಮೊದಲ ಗುಂಡು ಸದಾ ಒಂದೇ ಕಡೆ ದೂರ ಬೀಳುತ್ತದೆ. ಗ್ರೂಪಿನ ಒಟ್ಟು ಅಳತೆಯಲ್ಲಿ ಇದು ಮುಚ್ಚಿಹೋಗುತ್ತದೆ.

ನಮ್ಮ ಮಟ್ಟಿಗೆ ಗ್ರೂಪಿಗಿಂತ ದೊಡ್ಡ ಪ್ರಶ್ನೆ ನಿಲ್ಲದೆ ಓಡುತ್ತದೆಯೇ ಎಂಬುದು. 20 ಮಿ.ಮೀ. ಗ್ರೂಪ್ ಕೊಟ್ಟು ನೂರರಲ್ಲೊಮ್ಮೆ ಸಿಕ್ಕಿಕೊಳ್ಳುವ ಪಿಸ್ತೂಲಿಗಿಂತ 30 ಕೊಟ್ಟು ಎಂದೂ ನಿಲ್ಲದ್ದೇ ಮೇಲು. ಸ್ಟ್ಯಾಂಡರ್ಡ್ ಪಿಸ್ತೂಲು ಸ್ಪರ್ಧೆಯಲ್ಲಿ ಐದು ಗುಂಡಿನ 10 ಸೆಕೆಂಡಿನ ಸರಣಿಯಲ್ಲಿ ಒಮ್ಮೆ ಸಿಕ್ಕಿಕೊಂಡರೆ ಮನಸ್ಸು ಆ ದಿನವಿಡೀ ಅಲ್ಲೇ ಇರುತ್ತದೆ. ಮ್ಯಾಗಝೀನುಗಳಿಗೆ ಸಂಖ್ಯೆ ಬರೆದು, ನಡುವೆ ಶುಚಿಗೊಳಿಸದೆ 200 ಗುಂಡು ಹಾರಿಸಿ. ತೋಟಾ ಮೇಲೇರದೆ ಮೂತಿ ಕೆರೆದುಕೊಂಡರೆ ಮ್ಯಾಗಝೀನ್ ತುಟಿ ಬಾಗಿದೆ; ಅದೇ ಸಂಖ್ಯೆಯದ್ದರಲ್ಲಿ ಮಾತ್ರ ಹೀಗಾದರೆ ಖಾತ್ರಿ. ಖಾಲಿ ಕೇಸು ಹೊರಬೀಳುವ ಬಾಗಿಲಲ್ಲಿ ನೆಟ್ಟಗೆ ನಿಂತರೆ ಅದನ್ನು ಹೊರಗೆಳೆಯುವ ಎಕ್ಸ್‌ಟ್ರ್ಯಾಕ್ಟರ್ ಕೊಕ್ಕೆ ಸವೆದಿರಬಹುದು, ತೋಟಾ ದುರ್ಬಲವಿರಬಹುದು, ಹಿಡಿತ ಸಡಿಲವಿರಬಹುದು: ಬೇರೊಬ್ಬರ ಕೈಗೆ ಕೊಟ್ಟು ನೋಡಿ. ಗುಂಡು ಸಿಡಿಯದಿದ್ದರೆ ಪಿಸ್ತೂಲನ್ನು ಗುರಿಯ ಕಡೆಗೇ 30 ಸೆಕೆಂಡ್ ಹಿಡಿದಿದ್ದು, ಆಮೇಲೆ ತೋಟಾ ತೆಗೆದು ಅದರ ಅಂಚಿನಲ್ಲಿ ಪಿನ್ ಬಡಿದ ಗುರುತು ಪರೀಕ್ಷಿಸಿ. ಗುರುತು ತೆಳುವಾಗಿದ್ದರೆ ಪಿನ್ ಅಥವಾ ಸ್ಪ್ರಿಂಗ್ ದೋಷ, ಆಳವಾಗಿದ್ದರೆ ತೋಟಾದ್ದು.

ಸೈಟ್‌ಗೆ ಒಂದು ಚೌಕ ಸಾಕು: ಐದು ಗುಂಡು, ಹತ್ತು ಕ್ಲಿಕ್ ಬಲಕ್ಕೆ, ಮತ್ತೆ ಐದು, ಹತ್ತು ಮೇಲಕ್ಕೆ, ಐದು, ಎಡಕ್ಕೆ, ಐದು, ಕೆಳಕ್ಕೆ. ಕೊನೆಯ ಐದು ಮೊದಲಿನ ಗ್ರೂಪಿನ ಮೇಲೇ ಕೂರಬೇಕು. 220 ಮಿ.ಮೀ. ಅಂತರದಲ್ಲಿ ಹಿಂದಿನ ಸೈಟ್ 0.1 ಮಿ.ಮೀ. ಅಲುಗಾಡಿದರೂ 25 ಮೀಟರಿನಲ್ಲಿ ಗುಂಡು 11 ಮಿ.ಮೀ. ಸರಿಯುತ್ತದೆ, ಬೆರಳಿನಿಂದ ತಳ್ಳಿ ಸಡಿಲವಿದೆಯೇ ನೋಡಿ.

ಈಗ ಕೈಗೆ ತೆಗೆದುಕೊಳ್ಳಿ. ಕಣ್ಣು ಮುಚ್ಚಿ, ಖಾಲಿ ಪಿಸ್ತೂಲನ್ನು 45 ಡಿಗ್ರಿಯಿಂದ ಎತ್ತಿ, ಕಣ್ಣು ತೆರೆಯಿರಿ. ಮುಂದಿನ ಸೈಟ್ ಪ್ರತಿ ಸಲ ಎಡಕ್ಕೋ ಬಲಕ್ಕೋ ನಿಂತರೆ ಗ್ರಿಪ್ ಕೋನ ನಿಮ್ಮದಲ್ಲ. 25 ಮೀಟರ್ ಪಿಸ್ತೂಲು ಸ್ಪರ್ಧೆಯ ರ್‍ಯಾಪಿಡ್ ಹಂತದಲ್ಲಿ ಪ್ರತಿ ಗುಂಡಿಗೂ ಗುರಿ ತೆರೆದಿರುವುದು 3 ಸೆಕೆಂಡ್ ಮಾತ್ರ. ಅಷ್ಟರಲ್ಲಿ ಸೈಟ್ ಸರಿಪಡಿಸುತ್ತ ಕೂರಲಾಗದು. ಮರದ ಗ್ರಿಪ್ ಮಳೆಗಾಲದ ಆರ್ದ್ರತೆಗೆ ಉಬ್ಬುತ್ತದೆ, ಕರಾವಳಿಯವರು ಹಿಡಿತ ತುಸು ಸಡಿಲವಿರುವುದನ್ನೇ ಆರಿಸಿಕೊಳ್ಳುವುದು ಲೇಸು.

ಎಲ್ಲ ಸರಿಬಂದರೆ ಬೆಲೆ ಮಾತಾಡುವಾಗಲೇ ಫೈರಿಂಗ್ ಪಿನ್, ಎಕ್ಸ್‌ಟ್ರ್ಯಾಕ್ಟರ್, ರಿಕಾಯಿಲ್ ಸ್ಪ್ರಿಂಗ್, ಬಫರ್ ತಲಾ ಒಂದೊಂದು ಮತ್ತು ಮೂರನೆಯ ಮ್ಯಾಗಝೀನ್ ಸೇರಿಸಿ ಕೇಳಿ. ಇವೆಲ್ಲ ವಿದೇಶದಿಂದ ಬರುವ ಬಿಡಿಭಾಗಗಳು, ಋತುವಿನ ನಡುವೆ ಒಂದು ಮುರಿದರೆ ಕಾಯುವುದಷ್ಟೇ ಉಳಿಯುತ್ತದೆ.