ಜೋಮಾಲೆಗೆ ಸಿಕ್ಕಿಕೊಂಡ ರಾಜಿ

'ಕಾಫಿ ಕುಯ್ಲು ಮುಗಿದ ಮೇಲೆ ಎರಡನೇ ಕಂತು.' ಮಡಿಕೇರಿಯಲ್ಲಿ ಗಂಡ-ಹೆಂಡತಿಯ ವ್ಯಾಜ್ಯಗಳ ಮಧ್ಯಸ್ಥಿಕೆಗೆ ಕೂರಲು ಶುರು ಮಾಡಿದ ಹೊಸತರಲ್ಲಿ ಒಂದು ರಾಜಿ ಪತ್ರದಲ್ಲಿ ಹೀಗೆ ಬರೆದುಬಿಟ್ಟಿದ್ದೆ. ಮಾರ್ಚ್‌ನಲ್ಲಿ ಹೆಂಡತಿ ದುಡ್ಡು ಕೇಳಿದಾಗ ಗಂಡ, "ಕುಯ್ಲು ಮುಗಿದಿದೆ, ಆದ್ರೆ ಚೆರ್ರಿ ಇನ್ನೂ ಗೋದಾಮಿನಲ್ಲೇ ಇದೆ, ರೇಟು ಏರಲಿ" ಅಂದ. ಅವನನ್ನು ಬೈದು ಏನು ಪ್ರಯೋಜನ? ಎಡವಟ್ಟು ನನ್ನದು. ಈಗ ತಾರೀಖು, ಮೊತ್ತ, ಡಿಡಿ ಯಾರ ಹೆಸರಿಗೆ, ತಪ್ಪಿದರೆ ಬಡ್ಡಿ ಎಷ್ಟು, ಎಲ್ಲವನ್ನೂ ಬರೆಸುತ್ತೇನೆ.

ಇನ್ನೊಂದು ಕೇಸು ಹೇಳುತ್ತೇನೆ. ಗುರುತು ಸಿಗದ ಹಾಗೆ ವಿವರ ಬದಲಿಸಿದ್ದೇನೆ. ಎರಡು ವರ್ಷದಿಂದ ಬೇರೆ ಇದ್ದವರು, ಏಳು ವರ್ಷದ ಮಗಳು. ಜೀವನಾಂಶ, ರಜೆಯಲ್ಲಿ ಮಗು ಯಾರ ಬಳಿ, ಪುತ್ತರಿಗೆ (ಕೊಡವರ ಸುಗ್ಗಿ ಹಬ್ಬ) ಅಪ್ಪನ ಐನ್‌ಮನೆಗೆ (ಕುಟುಂಬದ ಮೂಲ ಮನೆ) ಕಳಿಸೋದು, ಎಲ್ಲ ಎರಡೇ ಸಿಟ್ಟಿಂಗ್‌ನಲ್ಲಿ ಮುಗಿಯಿತು. ಮೂರನೆಯದರಲ್ಲಿ ಜೋಮಾಲೆಯ ಮಾತು ಎದ್ದಿತು, ಕೊಡವರ ಸಾಂಪ್ರದಾಯಿಕ ಚಿನ್ನದ ಸರ ಅದು. "ಅದು ನಮ್ಮ ಅಜ್ಜಿದು" ಅಂದ ಗಂಡ. "ಮದುವೆಯಲ್ಲಿ ನನಗೆ ಕೊಟ್ಟದ್ದು" ಅಂದಳು ಆಕೆ. ಕಾನೂನು ಆಕೆಯ ಕಡೆಗಿದೆ, ಮದುವೆಯಲ್ಲಿ ಹೆಣ್ಣಿಗೆ ಕೊಟ್ಟ ಉಡುಗೊರೆ ಸ್ತ್ರೀಧನ, ಅಂದರೆ ಅವಳದೇ ಸ್ವತ್ತು. ಆದರೆ ಅದನ್ನು ಹೇಳಿದ್ದರೆ ಅವತ್ತೇ ಎದ್ದು ಹೋಗುತ್ತಿದ್ದರು.

ಬೇರೆ ಬೇರೆ ಕೂರಿಸಿದೆ. "ಮೇಡಂ, ನಂಗೆ ಅದು ಬೇಡ. ಅವರಮ್ಮ ಕೇಳಿದ ರೀತಿಗೆ ಮಾತ್ರ ಕೊಡಲ್ಲ" ಅಂದಳು. ಒಬ್ಬರು ಗುಟ್ಟಾಗಿ ಹೇಳಿದ್ದನ್ನು ಇನ್ನೊಬ್ಬರಿಗೆ ನಾನು ಹೇಳುವ ಹಾಗಿಲ್ಲ. ಹೇಳಬಹುದಾ ಅಂತ ಕೇಳಿದೆ. "ಹೇಳಿ, ಆದ್ರೆ ನಾನು ಸೋತೆ ಅಂತ ಅನ್ನಿಸಬಾರದು." ಹತ್ತು ನಿಮಿಷ ಬಿಟ್ಟು ಅವಳೇ ಮಗಳ ಹೆಸರು ಎತ್ತಿದಳು.

ಜೋಮಾಲೆ ಮಗಳದ್ದು, 18 ತುಂಬುವವರೆಗೆ ತಾಯಿಯ ಲಾಕರ್‌ನಲ್ಲಿ, ಪುತ್ತರಿಗೆ ಐನ್‌ಮನೆಗೆ ಹೋಗುವಾಗ ಹಾಕಿಕೊಳ್ಳಬಹುದು ಅಂತ ಬರೆದೆವು. ಗಂಡನಿಗೆ 'ಹಾಕಿಕೊಳ್ಳಬೇಕು' ಅಂತಲೇ ಆಗಬೇಕಿತ್ತು. ಈ ಒಂದು ಪದಕ್ಕೆ ಅರ್ಧ ಗಂಟೆ! ಕೊನೆಗೆ 'ಮಗಳಿಗೆ ಇಷ್ಟವಿದ್ದರೆ' ಅಂತ ಸೇರಿಸಿ ಸಹಿ ಹಾಕಿಸಿದೆ.

ಸಹಿಯಾದ ಮೇಲೆ ರಾಜಿ ಪತ್ರ ಕೋರ್ಟಿಗೆ ಹೋಗುತ್ತದೆ. ಮನಸ್ಸಾರೆ ಒಪ್ಪಿದ್ದೀರಾ ಅಂತ ನ್ಯಾಯಾಧೀಶರು ಇಬ್ಬರನ್ನೂ ಕೇಳುತ್ತಾರೆ. ಇಬ್ಬರೂ ಒಪ್ಪಿ ಕೇಳುವ ವಿಚ್ಛೇದನಕ್ಕೆ ಹಿಂದೂ ವಿವಾಹ ಕಾಯಿದೆಯ 13ಬಿ ಪ್ರಕಾರ ಅರ್ಜಿ ಹಾಕಿದ ಮೇಲೆ ಆರು ತಿಂಗಳು ಕಾಯಬೇಕು. ಆದರೆ ಅರ್ಜಿ ಹಾಕುವ ಮುಂಚೆಯೇ ಒಂದೂವರೆ ವರ್ಷ ಬೇರೆ ಇದ್ದು, ಒಂದು ಮಾಡುವ ಪ್ರಯತ್ನ ಫಲಿಸದೆ, ದುಡ್ಡು ಮತ್ತು ಮಗುವಿನ ವಿಷಯ ಇತ್ಯರ್ಥವಾಗಿದ್ದರೆ ಕೋರ್ಟ್ ಆ ಆರು ತಿಂಗಳನ್ನು ಮನ್ನಾ ಮಾಡಬಹುದು ಅಂತ 2017ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಇವರಿಗೂ ಹಾಗೇ ಆಯಿತು.

ಉಳಿದದ್ದು ಹಳೆಯ ಐಪಿಸಿಯ 498ಎ ಕೇಸು, ಅಂದರೆ ಹೆಂಡತಿಗೆ ಗಂಡ ಅಥವಾ ಅವನ ಮನೆಯವರು ಕೊಟ್ಟ ಕಿರುಕುಳದ ಕ್ರಿಮಿನಲ್ ಕೇಸು. ಅದು ರಾಜಿಯಾದ ಮಾತ್ರಕ್ಕೆ ತಾನಾಗಿ ಬಿದ್ದುಹೋಗಲ್ಲ, ರದ್ದು ಮಾಡಿಸಲು ಹೈಕೋರ್ಟಿಗೇ ಹೋಗಬೇಕು. ಹಾಗಾಗಿ ಕೊನೆಯ ಡಿಡಿ ಆ ಆದೇಶ ಬಂದ ದಿನವೇ ಕೈಗೆ ಸಿಗಬೇಕು ಅಂತ ಬರೆಸಿದ್ದೆ. ಈ ಸಲ ಕಾಫಿ ರೇಟಿನ ಮಾತು ಯಾರೂ ಎತ್ತಲಿಲ್ಲ.